ಡಿಲೀಟ್ ಆಗದ ಫೈಲ್: ಹಿಡಿದಿರುವುದು ಯಾರೆಂದು ಹುಡುಕಿ, ಬಿಡಿಸಿ, ಆಮೇಲೆ ಅಳಿಸಿ

ಡಿಲೀಟ್ ಒತ್ತುತ್ತೀರಿ, ಫೈಲ್ ಬೇರೊಂದು ಪ್ರೋಗ್ರಾಮಿನಲ್ಲಿ ತೆರೆದಿದೆ ಎಂದು ವಿಂಡೋಸ್ ಹೇಳುತ್ತದೆ. ‘ಟ್ರೈ ಅಗೇನ್’ ಒತ್ತಿದರೂ ಅದೇ ಮಾತು. ಇಂಥ ಹೊತ್ತಿನಲ್ಲಿ ಹೆಚ್ಚಿನವರು ‘ಅನ್‌ಲಾಕರ್’ ಎಂದು ಹುಡುಕಿ, ಮೊದಲು ಸಿಕ್ಕ ತಂತ್ರಾಂಶವನ್ನು ಇಳಿಸಿಕೊಂಡು, ಅದರಲ್ಲಿರುವ ದೊಡ್ಡ ಬಟನ್ ಒತ್ತಿಬಿಡುತ್ತಾರೆ. ಫೈಲೇನೋ ಹೋಗುತ್ತದೆ. ಜೊತೆಗೆ ಸೇವ್ ಮಾಡದೆ ಬಿಟ್ಟಿದ್ದ ದಾಖಲೆ, ಹಿನ್ನೆಲೆಯಲ್ಲಿ ನಡೆಯುತ್ತಿದ್ದ ಬ್ಯಾಕಪ್, ಕೆಲವೊಮ್ಮೆ ಇಡೀ ಡೇಟಾಬೇಸ್ ಕೂಡ ಕೈತಪ್ಪಬಹುದು. ಇಂಥ ಉಪಕರಣಗಳಿಂದ ಮೊದಲು ಆಗಬೇಕಾದ ಕೆಲಸ, ಫೈಲನ್ನು ಹಿಡಿದಿರುವುದು ಯಾರೆಂದು ತಿಳಿಯುವುದು. ಅದು ಗೊತ್ತಾದರೆ ಬಹುಪಾಲು ಸಲ ಬಲಪ್ರಯೋಗವೇ ಬೇಕಾಗುವುದಿಲ್ಲ. ಇಲ್ಲಿರುವ ಹಂತಗಳು ವಿಂಡೋಸ್ 10 ಮತ್ತು 11ಕ್ಕೆ ಅನ್ವಯಿಸುತ್ತವೆ.

ಮೊದಲು ದೋಷಸಂದೇಶವನ್ನು ಓದಿ

ಅಳಿಸಲು ಬಾರದ ಫೈಲುಗಳೆಲ್ಲ ‘ಲಾಕ್’ ಆದವುಗಳಲ್ಲ. ಸಂದೇಶದಲ್ಲಿ ‘ಓಪನ್ ಇನ್ ಅನದರ್ ಪ್ರೋಗ್ರಾಮ್’ ಅಥವಾ ‘ಫೈಲ್ ಇನ್ ಯೂಸ್’ ಎಂದಿದ್ದರೆ ಮಾತ್ರ ಅನ್‌ಲಾಕ್ ಉಪಕರಣಕ್ಕೆ ಕೆಲಸ. ‘ಆಕ್ಸೆಸ್ ಡಿನೈಡ್’ ಅಥವಾ ‘ಟ್ರಸ್ಟೆಡ್‌ಇನ್‌ಸ್ಟಾಲರ್ ಅನುಮತಿ ಬೇಕು’ ಎಂದಿದ್ದರೆ ಅದು ಸಾಮಾನ್ಯವಾಗಿ ಮಾಲೀಕತ್ವ ಮತ್ತು ಅನುಮತಿಯ ಪ್ರಶ್ನೆ. ‘ಐಟಂ ಸಿಗುತ್ತಿಲ್ಲ’ ಎಂದೋ ‘ಪಾತ್ ತೀರಾ ಉದ್ದವಾಗಿದೆ’ ಎಂದೋ ಇದ್ದರೆ ತೊಂದರೆ ಹೆಸರಿನಲ್ಲಿದೆ. ‘ಕರಪ್ಟೆಡ್ ಅಂಡ್ ಅನ್‌ರೀಡಬಲ್’ ಎಂದರೆ ಡಿಸ್ಕ್ ಅಥವಾ ಫೈಲ್ ಸಿಸ್ಟಂ ಕೆಟ್ಟಿದೆ. ಅಲ್ಲಿ ಅನ್‌ಲಾಕರ್ ಓಡಿಸುವುದರಿಂದ ಪ್ರಯೋಜನವಿಲ್ಲ. ಮೊದಲು ಮುಖ್ಯ ಫೈಲುಗಳನ್ನು ಬೇರೆ ಡಿಸ್ಕಿಗೆ ನಕಲು ಮಾಡಿ, ಆಮೇಲೆ ಡಿಸ್ಕಿನ ದೋಷ ಹುಡುಕಿ ಸರಿಪಡಿಸುವ ವಿಂಡೋಸ್‌ನ ಚೆಕ್‌ಡಿಸ್ಕ್ ಓಡಿಸಿ. ‘ರೈಟ್ ಪ್ರೊಟೆಕ್ಟೆಡ್’ ಎಂದರೆ ಮೆಮೊರಿ ಕಾರ್ಡಿನ ಪಕ್ಕದಲ್ಲಿರುವ ಪುಟ್ಟ ಸ್ವಿಚ್ಚನ್ನು ನೋಡಿ. ಹಾಸ್ಯವಲ್ಲ, ಎಷ್ಟೋ ಸಲ ಕಾರಣ ಅದೇ ಆಗಿರುತ್ತದೆ.

ಇನ್ನು ‘ಇನ್ ಯೂಸ್’ ಎಂಬುದರ ಒಳಗುಟ್ಟು. ಒಂದು ಪ್ರೋಗ್ರಾಮ್ ಫೈಲನ್ನು ತೆರೆಯುವಾಗ ತಾನು ಅದನ್ನು ಬಳಸುತ್ತಿರುವಷ್ಟು ಹೊತ್ತು ಬೇರೆಯವರು ಓದಬಹುದೇ, ಬರೆಯಬಹುದೇ, ಅಳಿಸಬಹುದೇ ಎಂಬ ಮೂರನ್ನೂ ವಿಂಡೋಸ್‌ಗೆ ತಿಳಿಸುತ್ತದೆ. ತೆರೆದದ್ದಕ್ಕೆ ಗುರುತಾಗಿ ಅದಕ್ಕೊಂದು ‘ಹ್ಯಾಂಡಲ್’ ಸಿಗುತ್ತದೆ. ಅಳಿಸಲು ಒಪ್ಪಿಗೆ ಕೊಡದೆ ತೆರೆದಿದ್ದರೆ, ಆ ಹ್ಯಾಂಡಲ್ ಮುಚ್ಚುವ ತನಕ ವಿಂಡೋಸ್ ಇನ್ಯಾರಿಗೂ ಅಳಿಸಲು ಬಿಡುವುದಿಲ್ಲ. ನೀವು ಅಡ್ಮಿನಿಸ್ಟ್ರೇಟರ್ ಆಗಿದ್ದರೂ ಅಷ್ಟೇ. ಓಡುತ್ತಿರುವ ಪ್ರೋಗ್ರಾಮ್ ಫೈಲುಗಳು ಮತ್ತು ಅವು ಬಳಸುವ ಸಹಾಯಕ ಕೋಡ್ ಫೈಲುಗಳಾದ ಡಿಎಲ್ಎಲ್‌ಗಳ ಕಥೆ ತುಸು ಬೇರೆ: ಅವು ನೇರ ಮೆಮೊರಿಗೆ ಜೋಡಿಕೊಂಡಿರುತ್ತವೆ, ಮುಚ್ಚಲು ಅಲ್ಲಿ ಹ್ಯಾಂಡಲ್ಲೇ ಇರುವುದಿಲ್ಲ. ಈ ವ್ಯತ್ಯಾಸ ಮುಂದೆ ಕೆಲಸಕ್ಕೆ ಬರುತ್ತದೆ.

ಉಪಕರಣಕ್ಕೆ ಕೈಹಾಕುವ ಮೊದಲು

ಫೈಲ್ ಎಕ್ಸ್‌ಪ್ಲೋರರಿನ ಪ್ರಿವ್ಯೂ ಪೇನ್ ತೆರೆದಿದ್ದರೆ ಆಲ್ಟ್ + ಪಿ ಒತ್ತಿ ಮುಚ್ಚಿ. ಪಿಡಿಎಫ್, ವಿಡಿಯೊಗಳನ್ನು ಬಹಳ ಸಲ ಹಿಡಿದಿಟ್ಟಿರುವುದು ಅದೇ. ಆ ಫೋಲ್ಡರಿನ ಒಳಗೆ ನಿಂತಿರುವ ಕಮಾಂಡ್ ಪ್ರಾಂಪ್ಟ್ ಅಥವಾ ಟರ್ಮಿನಲ್ ಕಿಟಕಿ ಇದ್ದರೆ ಮುಚ್ಚಿ. ಅದರಲ್ಲಿ ಏನೂ ನಡೆಯದಿದ್ದರೂ ‘ನಾನು ಈ ಫೋಲ್ಡರಿನಲ್ಲಿದ್ದೇನೆ’ ಎಂಬ ಕಾರಣಕ್ಕೇ ಫೋಲ್ಡರ್ ಲಾಕ್ ಆಗಿರುತ್ತದೆ. ಒನ್‌ಡ್ರೈವ್‌ನಂಥ ಸಿಂಕ್ ಸೇವೆಯನ್ನು ಸ್ವಲ್ಪ ಹೊತ್ತು ನಿಲ್ಲಿಸಿ. ಐಎಸ್ಒ ಅಥವಾ ವಿಎಚ್‌ಡಿ (ಇಡೀ ಡಿಸ್ಕಿನ ಪ್ರತಿರೂಪದ) ಫೈಲಾಗಿದ್ದರೆ ಅದು ಡ್ರೈವ್ ಆಗಿ ಮೌಂಟ್ ಆಗಿದೆಯೇ ನೋಡಿ ಇಜೆಕ್ಟ್ ಮಾಡಿ. ಈಗಷ್ಟೇ ಇಳಿಸಿಕೊಂಡ ದೊಡ್ಡ ಫೈಲಾದರೆ ಆಂಟಿವೈರಸ್ ತಪಾಸಣೆ ಮುಗಿಯಲು ಒಂದೆರಡು ನಿಮಿಷ ಬಿಡಿ.

ಕೊನೆಗೆ ರೀಸ್ಟಾರ್ಟ್. ಗಮನಿಸಿ, ಶಟ್‌ಡೌನ್ ಮಾಡಿ ಮತ್ತೆ ಆನ್ ಮಾಡುವುದು ರೀಸ್ಟಾರ್ಟಿಗೆ ಸಮವಲ್ಲ. ಫಾಸ್ಟ್ ಸ್ಟಾರ್ಟಪ್ ಚಾಲೂ ಇದ್ದರೆ ಶಟ್‌ಡೌನ್‌ನಲ್ಲಿ ವಿಂಡೋಸ್‌ನ ಒಳಭಾಗ ಡಿಸ್ಕಿಗೆ ಉಳಿದು, ಮುಂದಿನ ಸಲ ಇದ್ದಲ್ಲಿಂದಲೇ ಎದ್ದು ಬರುತ್ತದೆ. ಡ್ರೈವರ್‌ಗಳ ಹಿಡಿತ ಹಾಗೇ ಉಳಿಯಬಹುದು. ‘ರೀಸ್ಟಾರ್ಟ್’ ಆಯ್ದರೆ ಎಲ್ಲವೂ ಹೊಸದಾಗಿ ಶುರುವಾಗುತ್ತದೆ.

ಪೆನ್ ಡ್ರೈವ್‌ನಲ್ಲಿ ಏನೇನಿರಬೇಕು

ಇದಕ್ಕೆ ನಾಲ್ಕೈದು ಉಪಕರಣ ಸಾಕು. ಎಲ್ಲವೂ ಇನ್‌ಸ್ಟಾಲ್ ಮಾಡದೆ ಓಡುವಂಥವು.

ಪ್ರೊಸೆಸ್ ಎಕ್ಸ್‌ಪ್ಲೋರರ್ ಮತ್ತು ಕಮಾಂಡ್ ಪ್ರಾಂಪ್ಟ್‌ನಲ್ಲಿ ಓಡುವ ಅದರ ಬಂಧು, ‘ಹ್ಯಾಂಡಲ್’ ಎಂಬ ಉಪಕರಣ: ಇವು ಸಿಸ್‌ಇಂಟರ್ನಲ್ಸ್ ಸಂಗ್ರಹದವು. ಮಾರ್ಕ್ ರುಸಿನೋವಿಚ್ ಮತ್ತು ಬ್ರೈಸ್ ಕಾಗ್ಸ್‌ವೆಲ್ ಕಟ್ಟಿದ ಈ ಸಂಗ್ರಹ 2006ರಿಂದ ಮೈಕ್ರೋಸಾಫ್ಟ್ ಕೈಯಲ್ಲಿದೆ. ಪತ್ತೆಕೆಲಸಕ್ಕೆ ಇವನ್ನು ಮೀರಿಸುವುದು ಕಷ್ಟ.

ಮೂವ್‌ಫೈಲ್ ಮತ್ತು ಪೆಂಡ್‌ಮೂವ್ಸ್: ಇವೂ ಸಿಸ್‌ಇಂಟರ್ನಲ್ಸ್‌ನವೇ. ಮುಂದಿನ ಬೂಟ್‌ನಲ್ಲಿ ಅಳಿಸಲು ಹೆಸರು ಬರೆಸುವುದಕ್ಕೆ ಒಂದು, ಬರೆಸಿದ ಪಟ್ಟಿ ನೋಡುವುದಕ್ಕೆ ಇನ್ನೊಂದು.

ಲಾಕ್‌ಹಂಟರ್‌ನ ಪೋರ್ಟಬಲ್ ಆವೃತ್ತಿ: ಹುಡುಕುವುದು, ಬಿಡಿಸುವುದು, ಅಳಿಸುವುದು ಮೂರೂ ಒಂದೇ ಕಿಟಕಿಯಲ್ಲಿ. ಅಳಿಸಿದ್ದನ್ನು ನೇರ ನಾಶ ಮಾಡದೆ ರೀಸೈಕಲ್ ಬಿನ್‌ಗೆ ಕಳಿಸುವುದು ಇದರ ದೊಡ್ಡ ಗುಣ.

ನಿರ್‌ಸಾಫ್ಟ್‌ನ ಓಪನ್ಡ್‌ಫೈಲ್ಸ್‌ವ್ಯೂ: ತೆರೆದಿರುವ ಫೈಲುಗಳನ್ನೆಲ್ಲ ಒಂದೇ ಪಟ್ಟಿಯಲ್ಲಿ ಕೊಡುತ್ತದೆ. 64 ಬಿಟ್ ವಿಂಡೋಸ್‌ಗೆ 64 ಬಿಟ್ ಆವೃತ್ತಿಯನ್ನೇ ಇಳಿಸಿಕೊಳ್ಳಿ.

ಸೆವೆನ್‌ಜಿಪ್‌ನ ಪೋರ್ಟಬಲ್ ಪ್ರತಿ: ಇದೇಕೆ ಇಲ್ಲಿ ಎನಿಸಬಹುದು. ಹೆಸರಿನ ತೊಂದರೆಗಳ ಭಾಗದಲ್ಲಿ ಗೊತ್ತಾಗುತ್ತದೆ.

ಇವನ್ನು ತಯಾರಕರ ಅಧಿಕೃತ ಜಾಲತಾಣದಿಂದ ಮಾತ್ರ ಪಡೆಯಿರಿ. ಒಂದು ಕಾಲದಲ್ಲಿ ಮನೆಮಾತಾಗಿದ್ದ ಅನ್‌ಲಾಕರ್ ವರ್ಷಗಳಿಂದ ನವೀಕರಣವಿಲ್ಲದೆ ನಿಂತಿದೆ. ಅದರ ಇನ್‌ಸ್ಟಾಲರ್ ಜೊತೆ ಬೇಡದ ಟೂಲ್‌ಬಾರ್‌ಗಳೂ ಬರುತ್ತಿದ್ದವು. ಅದರ ‘ಪೋರ್ಟಬಲ್’ ಪ್ರತಿಗಳೆಂದು ಅಲ್ಲಿ ಇಲ್ಲಿ ಸಿಗುವುದನ್ನು ಮುಟ್ಟದಿರುವುದೇ ಒಳ್ಳೆಯದು. ಇಳಿಸಿದ ಮೇಲೆ ಫೈಲಿನ ಪ್ರಾಪರ್ಟೀಸ್ ತೆರೆದು ‘ಡಿಜಿಟಲ್ ಸಿಗ್ನೇಚರ್ಸ್’ ಟ್ಯಾಬ್ ನೋಡಿ. ಸಿಸ್‌ಇಂಟರ್ನಲ್ಸ್ ಉಪಕರಣದಲ್ಲಿ ಮೈಕ್ರೋಸಾಫ್ಟ್ ಸಹಿ ಇಲ್ಲದಿದ್ದರೆ ಅದನ್ನು ಓಡಿಸಬೇಡಿ. ನಿರ್‌ಸಾಫ್ಟ್‌ನ ಕೆಲವು ಉಪಕರಣಗಳ ಮೇಲೆ ಆಂಟಿವೈರಸ್ ಸುಮ್ಮನೆ ಗುಮಾನಿ ಪಡುವುದುಂಟು. ಹಾಗೆಂದು ಆಂಟಿವೈರಸ್ಸನ್ನೇ ಆಫ್ ಮಾಡಬೇಡಿ, ಬೇರೆ ಉಪಕರಣ ಬಳಸಿ.

ಪೋರ್ಟಬಲ್ ಎಂದರೆ ಇನ್‌ಸ್ಟಾಲ್ ಬೇಡ ಎಂದಷ್ಟೇ ಅರ್ಥ. ಕಂಪ್ಯೂಟರಿನ ಒಳಗನ್ನು ಮುಟ್ಟುವುದಿಲ್ಲ ಎಂದಲ್ಲ. ಪ್ರೊಸೆಸ್ ಎಕ್ಸ್‌ಪ್ಲೋರರ್ ಅಡ್ಮಿನ್ ಆಗಿ ಓಡುವಾಗ ತನ್ನ ಡ್ರೈವರನ್ನು ಲೋಡ್ ಮಾಡಿಕೊಳ್ಳುತ್ತದೆ, ವಿಂಡೋಸ್‌ನ ಸೆಟ್ಟಿಂಗ್‌ಗಳ ಕಣಜವಾದ ರಿಜಿಸ್ಟ್ರಿಯಲ್ಲಿ ತನ್ನ ಸೆಟ್ಟಿಂಗ್ ಬರೆಯುತ್ತದೆ. ಕಚೇರಿಯ ಕಂಪ್ಯೂಟರಾದರೆ ಅಲ್ಲಿನ ತಾಂತ್ರಿಕ ವಿಭಾಗದ ಒಪ್ಪಿಗೆ ಪಡೆದೇ ಓಡಿಸಿ.

ಏನನ್ನೂ ಇಳಿಸಿಕೊಳ್ಳಲಾಗದ ಕಡೆ ವಿಂಡೋಸ್‌ನಲ್ಲೇ ಇರುವ ರಿಸೋರ್ಸ್ ಮಾನಿಟರ್ ಇದೆ. ಸ್ಟಾರ್ಟ್ ಮೆನುವಿನಲ್ಲಿ ಹುಡುಕಿ ತೆರೆದು, ಸಿಪಿಯು ಟ್ಯಾಬಿನಲ್ಲಿ ‘ಅಸೋಸಿಯೇಟೆಡ್ ಹ್ಯಾಂಡಲ್ಸ್’ ಎಂಬ ಪಟ್ಟಿಯ ಹುಡುಕುಪೆಟ್ಟಿಗೆಯಲ್ಲಿ ಫೈಲಿನ ಹೆಸರಿನ ತುಣುಕು ಹಾಕಿ. ಹಿಡಿದಿರುವ ಪ್ರೊಸೆಸ್‌ಗಳ, ಅಂದರೆ ಓಡುತ್ತಿರುವ ಪ್ರೋಗ್ರಾಮುಗಳ, ಹೆಸರು ಬರುತ್ತದೆ. ಮೈಕ್ರೋಸಾಫ್ಟ್‌ನ ಉಚಿತ ಉಪಕರಣಗಳ ಕಟ್ಟಾದ ಪವರ್‌ಟಾಯ್ಸ್ ಈಗಾಗಲೇ ಇರುವ ಯಂತ್ರದಲ್ಲಿ ರೈಟ್ ಕ್ಲಿಕ್ ಮೆನುವಿನ ‘ಫೈಲ್ ಲಾಕ್‌ಸ್ಮಿತ್’ ಇದೇ ಕೆಲಸ ಮಾಡುತ್ತದೆ.

ಹಿಡಿದವರ ಪತ್ತೆ, ಹಂತಹಂತವಾಗಿ

1. ಜಿಪ್ ಫೈಲಿನ ಪ್ರಾಪರ್ಟೀಸ್‌ನಲ್ಲಿ ‘ಅನ್‌ಬ್ಲಾಕ್’ ಎಂಬ ಚೌಕ ಕಂಡರೆ ಟಿಕ್ ಹಾಕಿ, ಆಮೇಲೆ ಬಿಚ್ಚಿ. ಜಿಪ್ ಒಳಗಿಂದಲೇ ಓಡಿಸಬೇಡಿ.

2. ಪ್ರೊಸೆಸ್ ಎಕ್ಸ್‌ಪ್ಲೋರರಿನ 64 ಬಿಟ್ ಫೈಲಿನ ಮೇಲೆ ರೈಟ್ ಕ್ಲಿಕ್ ಮಾಡಿ ‘ರನ್ ಆ್ಯಸ್ ಅಡ್ಮಿನಿಸ್ಟ್ರೇಟರ್’ ಆಯ್ದುಕೊಳ್ಳಿ. ಇದನ್ನು ಮರೆತರೆ ಸಿಸ್ಟಂ ಸೇವೆಗಳ ಮತ್ತು ಇತರ ಬಳಕೆದಾರರ ಹ್ಯಾಂಡಲ್‌ಗಳು ಕಾಣುವುದೇ ಇಲ್ಲ. ‘ಹುಡುಕಿದೆ, ಯಾರೂ ಹಿಡಿದಿಲ್ಲ’ ಎಂಬ ದೂರುಗಳಿಗೆ ಮಾಮೂಲಿ ಕಾರಣ ಇದು.

3. ಫೈಂಡ್ ಮೆನುವಿನಲ್ಲಿ ‘ಫೈಂಡ್ ಹ್ಯಾಂಡಲ್ ಆರ್ ಡಿಎಲ್ಎಲ್’ ಆಯ್ದುಕೊಳ್ಳಿ. ತೆರೆದ ಪೆಟ್ಟಿಗೆಯಲ್ಲಿ ಫೈಲಿನ ಪೂರ್ತಿ ಹೆಸರು ಬೇಕಿಲ್ಲ, ಬೇರೆಲ್ಲೂ ಬರದಂಥ ಒಂದು ತುಣುಕು ಸಾಕು. ಡ್ರೈವ್ ಅಕ್ಷರ ಸೇರಿಸಿದ ಪೂರ್ಣ ವಿಳಾಸದಲ್ಲಿ ಒಂದು ಅಕ್ಷರ ತಪ್ಪಿದರೂ ಫಲಿತಾಂಶ ಸೊನ್ನೆ.

4. ಫಲಿತಾಂಶದಲ್ಲಿ ಪ್ರೊಸೆಸ್ ಹೆಸರು, ಅದರ ಸಂಖ್ಯೆ, ಮತ್ತು ಅದು ಹ್ಯಾಂಡಲ್ಲೋ ಡಿಎಲ್ಎಲ್ಲೋ ಎಂಬ ವಿವರ ಇರುತ್ತದೆ. ಸಾಲಿನ ಮೇಲೆ ಕ್ಲಿಕ್ ಮಾಡಿದರೆ ಮುಖ್ಯ ಕಿಟಕಿಯಲ್ಲಿ ಆ ಪ್ರೊಸೆಸ್ ಮತ್ತು ಕೆಳಗಿನ ಭಾಗದಲ್ಲಿ ಆ ಹ್ಯಾಂಡಲ್ ಎದ್ದು ಕಾಣುತ್ತದೆ.

5. ಇಲ್ಲಿ ಕೈ ತಡೆಯಿರಿ. ಮುಂದೇನು ಮಾಡಬೇಕೆಂಬುದು ಹಿಡಿದಿರುವವರ ಮೇಲೆ ನಿಂತಿದೆ.

ಹಿಡಿದಿರುವುದು ವರ್ಡ್, ಎಕ್ಸೆಲ್, ವಿಡಿಯೊ ಪ್ಲೇಯರ್ ಮುಂತಾದ ಮಾಮೂಲಿ ಪ್ರೋಗ್ರಾಮ್ ಆದರೆ ಅದರಲ್ಲಿ ಸೇವ್ ಮಾಡಿ, ಅದನ್ನೇ ಮುಚ್ಚಿ. ಕಿಟಕಿ ಮುಚ್ಚಿದ್ದರೂ ಪ್ರೊಸೆಸ್ ಉಳಿದಿದ್ದರೆ ಮಾತ್ರ ರೈಟ್ ಕ್ಲಿಕ್ ಮಾಡಿ ಕಿಲ್ ಮಾಡಿ.

ಎಕ್ಸ್‌ಪ್ಲೋರರ್ ಅಥವಾ ‘ಡಿಎಲ್ಎಲ್‌ಹೋಸ್ಟ್’ ಆದರೆ ಥಂಬ್‌ನೇಲ್ ತಯಾರಿಕೆಯ ಗದ್ದಲ. ಅರೆಕೊರೆಯಾಗಿ ಇಳಿದ ಅಥವಾ ಕೆಟ್ಟ ವಿಡಿಯೊ ಫೈಲುಗಳಲ್ಲಿ ಇದು ಸಾಮಾನ್ಯ. ಟಾಸ್ಕ್ ಮ್ಯಾನೇಜರಿನಲ್ಲಿ ‘ವಿಂಡೋಸ್ ಎಕ್ಸ್‌ಪ್ಲೋರರ್’ ಆಯ್ದು ರೀಸ್ಟಾರ್ಟ್ ಕೊಡಿ. ಡಿಎಲ್ಎಲ್‌ಹೋಸ್ಟ್ ಒಂದನ್ನು ಕೊನೆಗೊಳಿಸಿದರೆ ದೊಡ್ಡ ನಷ್ಟವಿಲ್ಲ, ಬೇಕಾದಾಗ ಮತ್ತೆ ಹುಟ್ಟಿಕೊಳ್ಳುತ್ತದೆ.

ಸರ್ಚ್ ಇಂಡೆಕ್ಸರ್ ಅಥವಾ ವಿಂಡೋಸ್ ಡಿಫೆಂಡರಿನ ‘ಎಂಎಸ್‌ಎಂಪಿಎಂಗ್’ ಹಿಡಿದಿದ್ದರೆ ಕಾಯಿರಿ. ಡಿಫೆಂಡರನ್ನು ಕೊಲ್ಲಲು ಹೋದರೂ ಅದು ಬಿಡುವುದಿಲ್ಲ. ‘ಸ್ಪೂಲ್‌ಎಸ್‌ವಿ’ ಆದರೆ ಪ್ರಿಂಟ್ ಸಾಲಿನಲ್ಲಿ ಸಿಕ್ಕಿಕೊಂಡ ಕೆಲಸ ಇದೆ, ಅದನ್ನು ರದ್ದುಮಾಡಿ. ‘ಎಸ್‌ವಿಸಿಹೋಸ್ಟ್’ ಆದರೆ ಅದರೊಳಗೆ ಯಾವ ಸೇವೆ ಓಡುತ್ತಿದೆ ಎಂದು ಅದರ ಪ್ರಾಪರ್ಟೀಸ್‌ನ ಸರ್ವಿಸಸ್ ಟ್ಯಾಬಿನಲ್ಲಿ ನೋಡಿ, ಆ ಸೇವೆಯನ್ನು ಮಾತ್ರ ನಿಲ್ಲಿಸಿ. ಒಂದು ಫೈಲಿಗಾಗಿ ಇಡೀ ಎಸ್‌ವಿಸಿಹೋಸ್ಟನ್ನು ಕೊಲ್ಲುವುದು ನೆಗಡಿ ಬಂತೆಂದು ಮೂಗು ಕೊಯ್ದುಕೊಂಡ ಹಾಗೆ.

‘ಸಿಸ್ಟಂ’ ಎಂಬ 4ನೇ ಸಂಖ್ಯೆಯ ಪ್ರೊಸೆಸ್ ಹಿಡಿದಿದ್ದರೆ ಗಾಬರಿ ಬೇಡ, ಕಿಲ್ ಕೂಡ ಬೇಡ. ಹೆಚ್ಚಾಗಿ ಎರಡು ಕಾರಣ. ಒಂದು, ಆ ಫೋಲ್ಡರ್ ನೆಟ್‌ವರ್ಕ್‌ನಲ್ಲಿ ಹಂಚಿಕೆಯಾಗಿದ್ದು ಬೇರೊಂದು ಕಂಪ್ಯೂಟರಿನವರು ತೆರೆದಿದ್ದಾರೆ. ಕಂಪ್ಯೂಟರ್ ಮ್ಯಾನೇಜ್‌ಮೆಂಟ್ ತೆರೆದು ‘ಶೇರ್ಡ್ ಫೋಲ್ಡರ್ಸ್’ ಕೆಳಗಿನ ‘ಓಪನ್ ಫೈಲ್ಸ್’ ನೋಡಿದರೆ ಯಾವ ಬಳಕೆದಾರ ಎಂಬುದೂ ತಿಳಿಯುತ್ತದೆ. ಅವರಿಗೆ ಹೇಳಿ ಮುಚ್ಚಿಸಿ. ಎರಡು, ಯಾವುದೋ ಡ್ರೈವರ್ ಅಥವಾ ಮೌಂಟ್ ಆದ ವರ್ಚುವಲ್ ಡಿಸ್ಕ್. ಅದಕ್ಕೆ ಇಜೆಕ್ಟ್, ಇಲ್ಲವೇ ಮುಂದೆ ಹೇಳುವ ಬೂಟ್ ವಿಧಾನ. ಪೇಜ್‌ಫೈಲ್, ಹೈಬರ್‌ಫಿಲ್, ಸ್ವಾಪ್‌ಫೈಲ್ ಎಂಬ ಹೆಸರಿನ ದೊಡ್ಡ ಫೈಲುಗಳನ್ನು ಹಿಡಿದಿರುವುದೂ ಈ ಸಿಸ್ಟಂ ಪ್ರೊಸೆಸ್ಸೇ, ಮತ್ತು ಅದು ಸರಿಯಾಗಿಯೇ ಹಿಡಿದಿದೆ. ಹೈಬರ್‌ಫಿಲ್ ಬೇಡವಾದರೆ ಹೈಬರ್ನೇಶನ್ ಆಫ್ ಮಾಡಿ, ಫೈಲ್ ತಾನೇ ಹೋಗುತ್ತದೆ.

ಹ್ಯಾಂಡಲ್ ಮುಚ್ಚುವುದು ಏಕೆ ಅಪಾಯ

ಪ್ರೊಸೆಸ್ ಎಕ್ಸ್‌ಪ್ಲೋರರಿನ ಕೆಳಭಾಗದಲ್ಲಿ ಹ್ಯಾಂಡಲ್ ಮೇಲೆ ರೈಟ್ ಕ್ಲಿಕ್ ಮಾಡಿದರೆ ‘ಕ್ಲೋಸ್ ಹ್ಯಾಂಡಲ್’ ಇದೆ. ‘ಅನ್‌ಲಾಕ್’ ಎಂಬ ಬಟನ್ ಇರುವ ಉಪಕರಣಗಳೂ ಒಳಗೆ ಮಾಡುವುದು ಹೆಚ್ಚುಕಡಿಮೆ ಇದನ್ನೇ. ಪ್ರೋಗ್ರಾಮಿಗೆ ಒಂದು ಮಾತೂ ಹೇಳದೆ ಅದರ ಕೈಯಲ್ಲಿದ್ದ ಹ್ಯಾಂಡಲನ್ನು ಕಿತ್ತುಕೊಳ್ಳುತ್ತೇವೆ. ಪ್ರೋಗ್ರಾಮ್ ಮಾತ್ರ ಅದು ಇನ್ನೂ ಇದೆ ಎಂದೇ ನಂಬಿರುತ್ತದೆ. ಮುಂದಿನ ಸಲ ಬರೆಯಲು ಹೋದಾಗ ದೋಷ ಬಂದು ಅದು ಕುಸಿದುಬಿದ್ದರೆ ಅದು ಅದೃಷ್ಟದ ಫಲಿತಾಂಶ. ದುರದೃಷ್ಟದ್ದು ಹೀಗೆ: ಹ್ಯಾಂಡಲ್ ಎಂದರೆ ಬರೀ ಒಂದು ಸಂಖ್ಯೆ, ಮುಚ್ಚಿದ ಸಂಖ್ಯೆಯನ್ನು ವಿಂಡೋಸ್ ಅದೇ ಪ್ರೊಸೆಸ್ ಮುಂದೆ ತೆರೆಯುವ ಇನ್ನೊಂದು ಫೈಲಿಗೆ ಕೊಡಬಹುದು. ಆಗ ಹಳೆಯ ಫೈಲಿಗೆ ಹೋಗಬೇಕಾದ ಬರಹ ಹೊಸ ಫೈಲಿನ ಒಳಗೆ ಬೀಳುತ್ತದೆ. ಯಾವ ಸಂದೇಶವೂ ಬರದೆ ದಾಖಲೆ ಕೆಡುತ್ತದೆ, ಗೊತ್ತಾಗುವಾಗ ವಾರಗಳೇ ಕಳೆದಿರಬಹುದು.

ಆದ್ದರಿಂದ ಡೇಟಾಬೇಸ್, ಇಮೇಲ್ ಪ್ರೋಗ್ರಾಮ್, ಬ್ಯಾಕಪ್, ವರ್ಚುವಲ್ ಮಶೀನ್, ಆಂಟಿವೈರಸ್, ವಿಂಡೋಸ್ ಸೇವೆ ಇವುಗಳ ಹ್ಯಾಂಡಲ್ ಎಂದೂ ಮುಚ್ಚಬೇಡಿ. ಪ್ರೊಸೆಸ್ಸನ್ನೇ ನಿಲ್ಲಿಸಿದರೆ ಅದರ ಹ್ಯಾಂಡಲ್‌ಗಳೆಲ್ಲ ಒಟ್ಟಿಗೆ ಮುಚ್ಚುತ್ತವೆ, ತಪ್ಪು ಫೈಲಿಗೆ ಬರೆಯಲು ಯಾರೂ ಉಳಿದಿರುವುದಿಲ್ಲ. ಈ ಲೆಕ್ಕದಲ್ಲಿ ಪ್ರೋಗ್ರಾಮನ್ನು ಕೊನೆಗೊಳಿಸುವುದೇ ಹ್ಯಾಂಡಲ್ ಕಿತ್ತುಕೊಳ್ಳುವುದಕ್ಕಿಂತ ಸಭ್ಯ ದಾರಿ. ಡಿಎಲ್ಎಲ್ ಎಂದು ತೋರಿಸಿದ್ದರೆ ಬೇರೆ ದಾರಿಯೂ ಇಲ್ಲ.

ಲಾಕ್‌ಹಂಟರ್ ಬಳಸುವಾಗ

ಅಡ್ಮಿನ್ ಆಗಿ ತೆರೆದು ಫೈಲನ್ನು ಆಯ್ದರೆ ಹಿಡಿದಿರುವ ಪ್ರೊಸೆಸ್‌ಗಳ ಪಟ್ಟಿ ಬರುತ್ತದೆ. ಪಟ್ಟಿ ಖಾಲಿಯಾಗಿದ್ದರೆ ಲಾಕ್ ಕಾರಣವಲ್ಲ. ಅನುಮತಿ ಅಥವಾ ಹೆಸರಿನ ಕಡೆ ನೋಡಿ. ‘ಅನ್‌ಲಾಕ್’ಗೆ ಮೇಲಿನ ಎಚ್ಚರಿಕೆಯೇ ಅನ್ವಯ. ‘ಡಿಲೀಟ್’ ಒತ್ತಿದರೆ ಬಿಡಿಸಿ ಅಳಿಸುತ್ತದೆ. ‘ಅದರ್’ ಮೆನುವಿನಲ್ಲಿ ಮುಂದಿನ ರೀಸ್ಟಾರ್ಟ್‌ಗೆ ಅಳಿಸುವ ಆಯ್ಕೆ ಇದೆ, ಅವಸರವಿಲ್ಲದಿದ್ದರೆ ಅದೇ ಉತ್ತಮ. ಅದೇ ಮೆನುವಿನಲ್ಲಿ, ಹಿಡಿದಿರುವ ಪ್ರೊಸೆಸ್ಸಿನ ಫೈಲನ್ನೇ ಡಿಸ್ಕಿನಿಂದ ಅಳಿಸುವ ಆಯ್ಕೆಯೂ ಇದೆ. ಅದು ಮಾಲ್‌ವೇರ್‌ಗೆಂದು ಇಟ್ಟದ್ದು. ಹಿಡಿದಿರುವುದು ವರ್ಡ್ ಆಗಿದ್ದರೆ ವರ್ಡೇ ಹೋಗುತ್ತದೆ! ಬೇರೆ ಉಪಕರಣಗಳಲ್ಲಿ ‘ಫೋರ್ಸ್ಡ್ ಮೋಡ್’ ಎಂಬ ಚೌಕ ಕಂಡರೆ ಮೊದಲ ಯತ್ನದಲ್ಲಿ ಅದನ್ನು ಖಾಲಿ ಬಿಡಿ.

ಫೋಲ್ಡರ್ ಅಳಿಸುವ ಮುನ್ನ ಅದರೊಳಗೆ ಜಂಕ್ಷನ್, ಅಂದರೆ ಬೇರೊಂದು ಫೋಲ್ಡರಿಗೆ ಕೊಂಡಿ ಇದೆಯೇ ನೋಡಿಕೊಳ್ಳಿ. ಎಕ್ಸ್‌ಪ್ಲೋರರಿನಲ್ಲಿ ಅದರ ಮೇಲೆ ಶಾರ್ಟ್‌ಕಟ್‌ನಂಥ ಪುಟ್ಟ ಬಾಣದ ಗುರುತಿರುತ್ತದೆ. ಸರಿಯಾಗಿ ಬರೆಯದ ಡಿಲೀಟ್ ಉಪಕರಣವೊಂದು ಆ ಕೊಂಡಿ ಹಿಡಿದು ಹೋಗಿ ಅತ್ತಲಿನ ನಿಜವಾದ ಫೈಲುಗಳನ್ನೂ ಅಳಿಸಬಲ್ಲದು. ಕೊಂಡಿಯನ್ನು ಮೊದಲು ಪ್ರತ್ಯೇಕವಾಗಿ ತೆಗೆದುಹಾಕಿ.

ಹೆಸರು ಬದಲಿಸಿ, ರೀಸ್ಟಾರ್ಟ್ ಮಾಡಿ, ಅಳಿಸಿ

ಹೆಚ್ಚಿನವರಿಗೆ ಹೊಳೆಯದ ಸುಲಭದ ದಾರಿ ಇದು. ಓಡುತ್ತಿರುವ ಪ್ರೋಗ್ರಾಮ್ ಫೈಲನ್ನಾಗಲಿ ಡಿಎಲ್ಎಲ್ಲನ್ನಾಗಲಿ ಅಳಿಸಲು ವಿಂಡೋಸ್ ಬಿಡುವುದಿಲ್ಲ, ಆದರೆ ಅದೇ ಡ್ರೈವಿನಲ್ಲಿ ಹೆಸರು ಬದಲಿಸಲು ಸಾಮಾನ್ಯವಾಗಿ ಬಿಡುತ್ತದೆ. ಹೆಸರಿನ ಕೊನೆಗೆ ‘ಹಳೆಯದು’ ಎಂಬರ್ಥದ ಏನಾದರೂ ಸೇರಿಸಿ, ರೀಸ್ಟಾರ್ಟ್ ಮಾಡಿ. ಯಾರಾದರೂ ಅದನ್ನು ಹಳೆಯ ಹೆಸರಿನಲ್ಲಿ ಹುಡುಕಿದರೆ ಸಿಗುವುದಿಲ್ಲ, ಹಾಗಾಗಿ ಮತ್ತೆ ಲಾಕ್ ಆಗುವುದಿಲ್ಲ. ಒಂದೆರಡು ದಿನ ಎಲ್ಲವೂ ಸರಿಯಿದ್ದರೆ ಅಳಿಸಿ. ಏನಾದರೂ ಕೆಟ್ಟರೆ ಹಳೆಯ ಹೆಸರು ಮರಳಿ ಕೊಟ್ಟರಾಯಿತು. ಹಿಂದಿರುಗಲು ದಾರಿ ಇರುವ ವಿಧಾನ ಇಷ್ಟು ಸರಳವಾಗಿ ಬೇರೆ ಯಾವುದೂ ಇಲ್ಲ.

ಹೆಸರೂ ಬದಲಾಗದಿದ್ದರೆ ಮೂವ್‌ಫೈಲ್. ಅಡ್ಮಿನ್ ಆಗಿ ತೆರೆದ ಕಮಾಂಡ್ ಪ್ರಾಂಪ್ಟ್‌ನಲ್ಲಿ movefile ಎಂದು ಇಂಗ್ಲಿಷಿನಲ್ಲಿ ಟೈಪ್ ಮಾಡಿ, ಉದ್ಧರಣ ಚಿಹ್ನೆಯೊಳಗೆ ಫೈಲಿನ ಪೂರ್ಣ ವಿಳಾಸ ಕೊಟ್ಟು, ಒಂದು ಸ್ಥಳ ಬಿಟ್ಟು, ಗುರಿಯ ಜಾಗದಲ್ಲಿ ಒಳಗೇನೂ ಇಲ್ಲದ ಎರಡು ಉದ್ಧರಣ ಚಿಹ್ನೆ "" ಹಾಕಿ. ಗುರಿ ಖಾಲಿ ಎಂದರೆ ಅಳಿಸು ಎಂದರ್ಥ. ಈ ಆದೇಶ ರಿಜಿಸ್ಟ್ರಿಯ ಒಂದು ಪಟ್ಟಿಯಲ್ಲಿ ಕೂರುತ್ತದೆ. ಬೂಟ್ ಆಗುವಾಗ ಡಿಸ್ಕ್ ತಪಾಸಣೆ ಮುಗಿದೊಡನೆ, ಪೇಜ್‌ಫೈಲ್ ತೆರೆಯುವುದಕ್ಕೂ ಮೊದಲೇ ವಿಂಡೋಸ್ ಅದನ್ನು ಜಾರಿಮಾಡುತ್ತದೆ. ಅಷ್ಟು ಬೇಗ ಯಾವ ಮಾಮೂಲಿ ಪ್ರೋಗ್ರಾಮೂ ಎದ್ದಿರುವುದಿಲ್ಲ. ರೀಸ್ಟಾರ್ಟ್ ಒತ್ತುವ ಮೊದಲು ಪೆಂಡ್‌ಮೂವ್ಸ್ ಓಡಿಸಿ ಪಟ್ಟಿಯಲ್ಲಿರುವುದು ನೀವಂದುಕೊಂಡ ಫೈಲೇ ಹೌದೇ ನೋಡಿ. ಬೂಟ್‌ನಲ್ಲಿ ಅಳಿಸಿದ್ದು ರೀಸೈಕಲ್ ಬಿನ್‌ಗೆ ಹೋಗುವುದಿಲ್ಲ. ಇನ್ನೊಂದು ಮಿತಿ: ಫೋಲ್ಡರ್ ಖಾಲಿ ಇದ್ದರೆ ಮಾತ್ರ ಈ ವಿಧಾನದಲ್ಲಿ ಅಳಿಯುತ್ತದೆ. ಒಳಗಿನ ಫೈಲುಗಳನ್ನು ಮೊದಲು ಬರೆಸಿ, ಫೋಲ್ಡರನ್ನು ಕೊನೆಗೆ ಬರೆಸಿ.

ಅನುಮತಿಯ ತಕರಾರು

ಹಳೆಯ ಕಂಪ್ಯೂಟರಿನಿಂದ ಕಳಚಿ ತಂದ ಹಾರ್ಡ್ ಡಿಸ್ಕಿನ ಫೋಲ್ಡರುಗಳಲ್ಲಿ ಇದು ಮಾಮೂಲು. ಪ್ರಾಪರ್ಟೀಸ್ ತೆರೆದು ಸೆಕ್ಯುರಿಟಿ ಟ್ಯಾಬ್, ಅಲ್ಲಿ ‘ಅಡ್ವಾನ್ಸ್ಡ್’, ಮೇಲೆ ಓನರ್ ಎದುರಿನ ‘ಚೇಂಜ್’. ನಿಮ್ಮ ಖಾತೆಯ ಹೆಸರು ಬರೆದು ‘ಚೆಕ್ ನೇಮ್ಸ್’ ಒತ್ತಿ. ಫೋಲ್ಡರಾದರೆ ‘ರೀಪ್ಲೇಸ್ ಓನರ್ ಆನ್ ಸಬ್‌ಕಂಟೇನರ್ಸ್’ ಎಂಬ ಚೌಕಕ್ಕೆ ಟಿಕ್ ಹಾಕಿ ಓಕೆ ಕೊಡಿ. ಕಿಟಕಿಯನ್ನು ಪೂರ್ತಿ ಮುಚ್ಚಿ ಮತ್ತೆ ತೆರೆದು, ನಿಮ್ಮ ಖಾತೆಗೆ ‘ಫುಲ್ ಕಂಟ್ರೋಲ್’ ಸೇರಿಸಿ. ಮಾಲೀಕತ್ವ ಬಂದ ಮಾತ್ರಕ್ಕೆ ಅನುಮತಿ ಬರುವುದಿಲ್ಲ. ಇವು ಎರಡು ಬೇರೆ ಹೆಜ್ಜೆಗಳು.

ಇದನ್ನು ವಿಂಡೋಸ್ ಫೋಲ್ಡರ್, ಪ್ರೋಗ್ರಾಮ್ ಫೈಲ್ಸ್, ಅದರೊಳಗಿನ ವಿಂಡೋಸ್‌ಆ್ಯಪ್ಸ್, ಸಿಸ್ಟಂ ವಾಲ್ಯೂಮ್ ಇನ್ಫರ್ಮೇಶನ್ ಇವುಗಳ ಮೇಲೆ ಮಾಡಬೇಡಿ. ಟ್ರಸ್ಟೆಡ್‌ಇನ್‌ಸ್ಟಾಲರ್ ಮಾಲೀಕತ್ವ ಇದೆಯೆಂದರೆ ಅದು ವಿಂಡೋಸ್‌ನದೇ ಸ್ವತ್ತು. ಜಾಗ ಬೇಕಿದ್ದರೆ ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್ ಕೆಳಗಿನ ‘ಟೆಂಪರರಿ ಫೈಲ್ಸ್’ ಇದೆ. ಅಪ್‌ಗ್ರೇಡ್ ನಂತರ ಉಳಿಯುವ ‘ವಿಂಡೋಸ್ ಓಲ್ಡ್’ ಫೋಲ್ಡರನ್ನು ಅಲ್ಲಿಂದಲೇ ತೆಗೆಯಬಹುದು. ಸುಮ್ಮನೆ ಬಿಟ್ಟರೂ ಸಾಮಾನ್ಯವಾಗಿ 10 ದಿನಕ್ಕೆ ತಾನೇ ಹೋಗುತ್ತದೆ.

ಹೆಸರಿನ ತೊಂದರೆ

ಪಾತ್ ಅಂದರೆ ಡ್ರೈವ್ ಅಕ್ಷರದಿಂದ ಹಿಡಿದು ಫೈಲಿನ ಹೆಸರಿನ ತನಕದ ಪೂರ್ತಿ ವಿಳಾಸ. ಇದಕ್ಕೆ ವಿಂಡೋಸ್‌ನ ಹಳೆಯ ಮಿತಿ 260 ಅಕ್ಷರ. ಫೋಲ್ಡರಿನೊಳಗೆ ಫೋಲ್ಡರ್ ಬೆಳೆದು ಮಿತಿ ದಾಟಿದಾಗ ಎಕ್ಸ್‌ಪ್ಲೋರರ್ ಕೈಚೆಲ್ಲುತ್ತದೆ. ಮೇಲಿನ ಫೋಲ್ಡರುಗಳಿಗೆ ಒಂದೊಂದೇ ಅಕ್ಷರದ ಹೆಸರು ಕೊಟ್ಟು ಪಾತ್ ಕುಗ್ಗಿಸಿದರೆ ಎಷ್ಟೋ ಸಲ ಅಷ್ಟಕ್ಕೇ ಕೆಲಸ ಮುಗಿಯುತ್ತದೆ. ಆಗದಿದ್ದರೆ ಸೆವೆನ್‌ಜಿಪ್‌ನ ಫೈಲ್ ಮ್ಯಾನೇಜರ್ ತೆರೆದು ಆ ಫೋಲ್ಡರಿಗೆ ಹೋಗಿ ಶಿಫ್ಟ್ + ಡಿಲೀಟ್ ಒತ್ತಿ. ಅದು ಉದ್ದದ ಪಾತ್‌ಗಳನ್ನು ನಿಭಾಯಿಸಬಲ್ಲದು. ಶಿಫ್ಟ್ ಇಲ್ಲದೆ ಒತ್ತಿದರೆ ರೀಸೈಕಲ್ ಬಿನ್‌ಗೆ ಕಳಿಸಲು ಹೋಗಿ ಮತ್ತೆ ಅದೇ ಮಿತಿಗೆ ಬಡಿಯುತ್ತದೆ.

ಇನ್ನೊಂದು ವಿಚಿತ್ರ: ಕಾನ್, ಪಿಆರ್‌ಎನ್, ಆಕ್ಸ್, ನಲ್, ಕಾಮ್1ರಿಂದ ಕಾಮ್9, ಎಲ್‌ಪಿಟಿ1ರಿಂದ ಎಲ್‌ಪಿಟಿ9 ಎಂಬ ಹೆಸರುಗಳನ್ನು ವಿಂಡೋಸ್ ಡಾಸ್ ಕಾಲದಿಂದ ಸಾಧನಗಳಿಗೆಂದು ಮೀಸಲಿಟ್ಟಿದೆ. ಲಿನಕ್ಸ್‌ನಿಂದಲೋ ಯಾವುದೋ ಸ್ಕ್ರಿಪ್ಟಿನಿಂದಲೋ ಆ ಹೆಸರಿನ ಫೈಲ್ ಹುಟ್ಟಿಬಿಟ್ಟರೆ ಎಕ್ಸ್‌ಪ್ಲೋರರಿಗೆ ಅದನ್ನು ಮುಟ್ಟಲಾಗುವುದಿಲ್ಲ. ಕೊನೆಗೆ ಚುಕ್ಕಿ ಅಥವಾ ಖಾಲಿ ಸ್ಥಳ ಇರುವ ಹೆಸರುಗಳದ್ದೂ ಇದೇ ಪಾಡು. ಪೂರ್ಣ ವಿಳಾಸದ ಮುಂದೆ \\?\ ಎಂಬ ಗುರುತನ್ನು ಅಂಟಿಸಿ ಕಮಾಂಡ್ ಪ್ರಾಂಪ್ಟ್‌ನ ಡೆಲ್ ಆದೇಶಕ್ಕೆ ಕೊಟ್ಟರೆ ವಿಂಡೋಸ್ ಹೆಸರಿನ ತಪಾಸಣೆ ಬಿಟ್ಟು ನೇರ ಫೈಲ್ ಸಿಸ್ಟಂ ಬಳಿ ಹೋಗುತ್ತದೆ, ಫೈಲ್ ಅಳಿಯುತ್ತದೆ. ವಿಳಾಸ ಉದ್ಧರಣ ಚಿಹ್ನೆಯೊಳಗೇ ಇರಲಿ.

ವಿಂಡೋಸ್ ಹೊರಗಿನಿಂದ

ಮೇಲಿನ ಯಾವುದಕ್ಕೂ ಬಗ್ಗದಿದ್ದರೆ ವಿಂಡೋಸ್ ನಿದ್ದೆಯಲ್ಲಿರುವಾಗ ಅಳಿಸಬೇಕು. ಶಿಫ್ಟ್ ಒತ್ತಿ ಹಿಡಿದು ರೀಸ್ಟಾರ್ಟ್ ಕ್ಲಿಕ್ ಮಾಡಿದರೆ ರಿಕವರಿ ಪರದೆ ಬರುತ್ತದೆ. ಅಲ್ಲಿ ಟ್ರಬಲ್‌ಶೂಟ್, ಅಡ್ವಾನ್ಸ್ಡ್ ಆಪ್ಷನ್ಸ್, ಕಮಾಂಡ್ ಪ್ರಾಂಪ್ಟ್. ಅಲ್ಲಿ ಡ್ರೈವ್ ಅಕ್ಷರಗಳು ಬದಲಾಗಿರಬಹುದು. ನಿಮ್ಮ ಸಿ ಡ್ರೈವ್ ಡಿ ಆಗಿ ಕಾಣಬಹುದು. ಡಿಐಆರ್ ಆದೇಶ ಕೊಟ್ಟು ಒಳಗಿರುವುದನ್ನು ನೋಡಿ ಖಾತ್ರಿಪಡಿಸಿಕೊಳ್ಳದೆ ಏನನ್ನೂ ಅಳಿಸಬೇಡಿ. ಡಿಸ್ಕ್ ಬಿಟ್‌ಲಾಕರ್ ಎಂಬ ವಿಂಡೋಸ್ ಗೂಢಲಿಪಿಯಲ್ಲಿದ್ದರೆ 48 ಅಂಕಿಗಳ ರಿಕವರಿ ಕೀ ಕೇಳುತ್ತದೆ, ಹೊರಡುವ ಮುನ್ನವೇ ಅದನ್ನು ಬರೆದಿಟ್ಟುಕೊಳ್ಳಿ.

ಲಿನಕ್ಸ್ ಲೈವ್ ಪೆನ್ ಡ್ರೈವ್‌ನಿಂದ ಬೂಟ್ ಮಾಡುವುದಾದರೆ ಅದಕ್ಕೂ ಮುನ್ನ ವಿಂಡೋಸ್‌ನ ಫಾಸ್ಟ್ ಸ್ಟಾರ್ಟಪ್ ಆಫ್ ಮಾಡಿ, ಪೂರ್ತಿ ಶಟ್‌ಡೌನ್ ಮಾಡಿ. ಇಲ್ಲದಿದ್ದರೆ ಡ್ರೈವ್ ಅರೆನಿದ್ದೆಯಲ್ಲಿದೆ ಎಂದು ಲಿನಕ್ಸ್ ಅದನ್ನು ಓದಲು ಮಾತ್ರ ತೆರೆಯುತ್ತದೆ. ಒತ್ತಾಯದಿಂದ ಬರೆಯಲು ತೆರೆದರೆ ಫೈಲ್ ಸಿಸ್ಟಮ್ಮೇ ಕೆಡಬಹುದು.

ಫೈಲ್ ಮಾಲ್‌ವೇರ್ ಆಗಿದ್ದರೆ

ಲಾಕ್ ಆದ ಫೈಲಿನ ಹೆಸರು ಅರ್ಥವಿಲ್ಲದ ಅಕ್ಷರಗಳ ಸಾಲು, ಇರುವುದು ಟೆಂಪ್ ಅಥವಾ ಆ್ಯಪ್‌ಡೇಟಾ ಒಳಗೆ, ಹಿಡಿದಿರುವ ಪ್ರೊಸೆಸ್ಸಿಗೆ ಕಂಪನಿ ಹೆಸರೂ ಸಹಿಯೂ ಇಲ್ಲ ಎಂದಾದರೆ ಅನುಮಾನ ಪಡಿ. ಪ್ರೊಸೆಸ್ ಎಕ್ಸ್‌ಪ್ಲೋರರಿನ ಆಪ್ಷನ್ಸ್‌ನಲ್ಲಿ ಸಹಿ ಪರಿಶೀಲನೆ ಮತ್ತು ಹಲವು ಆಂಟಿವೈರಸ್‌ಗಳ ತೀರ್ಪು ಒಟ್ಟಿಗೆ ಕೊಡುವ ವೈರಸ್‌ಟೋಟಲ್ ತಪಾಸಣೆ ಎರಡೂ ಇವೆ. ಇಂಥವು ಹಲವು ಸಲ ಜೋಡಿಯಾಗಿ ಓಡುತ್ತವೆ: ಒಂದನ್ನು ಕೊಂದರೆ ಇನ್ನೊಂದು ಅದನ್ನು ಎಬ್ಬಿಸುತ್ತದೆ. ಆದ್ದರಿಂದ ಮೊದಲು ಎರಡನ್ನೂ ‘ಸಸ್ಪೆಂಡ್’ ಮಾಡಿ, ಆಮೇಲೆ ಒಂದೊಂದಾಗಿ ಕಿಲ್ ಮಾಡಿ. ಆಟೋರನ್ಸ್ ಎಂಬ ಇನ್ನೊಂದು ಸಿಸ್‌ಇಂಟರ್ನಲ್ಸ್ ಉಪಕರಣದಲ್ಲಿ ಅವುಗಳ ಆರಂಭದ ನಮೂದಿನ ಟಿಕ್ ತೆಗೆಯಿರಿ. ನಂತರ ವಿಂಡೋಸ್ ಸೆಕ್ಯುರಿಟಿಯಿಂದ ಡಿಫೆಂಡರ್ ಆಫ್‌ಲೈನ್ ಸ್ಕ್ಯಾನ್ ಕೊಡಿ. ಅದು ರೀಸ್ಟಾರ್ಟ್ ಆಗಿ ಸುಮಾರು 15 ನಿಮಿಷ ತೆಗೆದುಕೊಳ್ಳುತ್ತದೆ. ಆ ಯಂತ್ರಕ್ಕೆ ಚುಚ್ಚಿದ ಪೆನ್ ಡ್ರೈವನ್ನು ಬೇರೆಡೆ ಬಳಸುವ ಮುನ್ನ ಫಾರ್ಮ್ಯಾಟ್ ಮಾಡಿ.

ಪೆನ್ ಡ್ರೈವ್ ಮಾತು ಬಂದದ್ದರಿಂದ ಒಂದು ಚಿಕ್ಕ ಉಪಾಯ. ‘ಸಾಧನ ಬಳಕೆಯಲ್ಲಿದೆ’ ಎಂದು ಪೆನ್ ಡ್ರೈವ್ ಇಜೆಕ್ಟ್ ಆಗದಿದ್ದರೆ ಇವೆಂಟ್ ವ್ಯೂವರ್ ತೆರೆದು ವಿಂಡೋಸ್ ಲಾಗ್ಸ್ ಕೆಳಗಿನ ‘ಸಿಸ್ಟಂ’ನಲ್ಲಿ 225 ಸಂಖ್ಯೆಯ ನಮೂದನ್ನು ಹುಡುಕಿ. ತಡೆದ ಪ್ರೋಗ್ರಾಮಿನ ಹೆಸರು, ಪ್ರೊಸೆಸ್ ಸಂಖ್ಯೆ ಎರಡೂ ಅಲ್ಲಿರುತ್ತವೆ.

ಅಳಿಸಿದ ಫೈಲ್ ಮತ್ತೆ ಬಂದರೆ

ಅಳಿಸಿದ ಮೇಲೂ ಹೆಸರು ಪಟ್ಟಿಯಲ್ಲೇ ಇದ್ದು, ಮುಟ್ಟಿದರೆ ‘ಆಕ್ಸೆಸ್ ಡಿನೈಡ್’ ಬರುತ್ತಿದ್ದರೆ ಅಳಿಸುವ ಆದೇಶ ಜಾರಿಯಾಗಿದೆ, ಆದರೆ ಕೊನೆಯ ಹ್ಯಾಂಡಲ್ ಇನ್ನೂ ಮುಚ್ಚಿಲ್ಲ ಎಂದರ್ಥ ಇರಬಹುದು. ಅನುಮತಿ ಬದಲಿಸಲು ಹೋಗಬೇಡಿ. ಹಿಡಿದಿರುವ ಪ್ರೋಗ್ರಾಮ್ ಮುಚ್ಚಿದ ಕ್ಷಣ ಫೈಲ್ ಮಾಯವಾಗುತ್ತದೆ.

ನಿಜವಾಗಿಯೂ ಹೋಗಿ ಮತ್ತೆ ಹೊಸದಾಗಿ ಹುಟ್ಟುತ್ತಿದ್ದರೆ ಯಾರೋ ಅದನ್ನು ತಯಾರಿಸುತ್ತಿದ್ದಾರೆ. ಇದಕ್ಕೆ ಪ್ರೊಸೆಸ್ ಮಾನಿಟರ್ ಬೇಕು, ಅದೂ ಅದೇ ಸಂಗ್ರಹದ ಪೋರ್ಟಬಲ್ ಉಪಕರಣ. ತೆರೆದೊಡನೆ ಬರುವ ಫಿಲ್ಟರ್ ಪೆಟ್ಟಿಗೆಯಲ್ಲಿ ‘ಪಾತ್’, ‘ಕಂಟೇನ್ಸ್’, ನಂತರ ಫೈಲಿನ ಹೆಸರು ಹಾಕಿ ‘ಆ್ಯಡ್’ ಒತ್ತಿ. ಫಿಲ್ಟರ್ ಮೆನುವಿನಲ್ಲಿ ‘ಡ್ರಾಪ್ ಫಿಲ್ಟರ್ಡ್ ಇವೆಂಟ್ಸ್’ಗೆ ಟಿಕ್ ಹಾಕಿ, ಇಲ್ಲದಿದ್ದರೆ ಲಕ್ಷಗಟ್ಟಲೆ ನಮೂದು ತುಂಬಿಕೊಂಡು ಮೆಮೊರಿ ಸಾಲದಾಗುತ್ತದೆ. ಈಗ ಫೈಲನ್ನು ಅಳಿಸಿ, ಅದು ಮರಳುವ ತನಕ ಕಾಯಿರಿ. ಮರಳಿದೊಡನೆ ಕಂಟ್ರೋಲ್ + ಇ ಒತ್ತಿ ದಾಖಲಾತಿ ನಿಲ್ಲಿಸಿ, ‘ಕ್ರಿಯೇಟ್‌ಫೈಲ್’ ಸಾಲುಗಳ ಪೈಕಿ ವಿವರದಲ್ಲಿ ‘ಓಪನ್‌ರಿಸಲ್ಟ್: ಕ್ರಿಯೇಟೆಡ್’ ಎಂದಿರುವುದನ್ನು ಹುಡುಕಿ. ಆ ಸಾಲಿನ ಎಡಗಡೆ ಇರುವ ಪ್ರೊಸೆಸ್ಸೇ ಅದನ್ನು ಹುಟ್ಟಿಸುತ್ತಿರುವುದು. ಸರಿಪಡಿಸಬೇಕಾದ್ದು ಅದರ ಸೆಟ್ಟಿಂಗ್‌ನಲ್ಲಿ, ಇಲ್ಲವೇ ಟಾಸ್ಕ್ ಶೆಡ್ಯೂಲರಿನಲ್ಲಿ ಅದನ್ನು ಓಡಿಸುತ್ತಿರುವ ನಮೂದಿನಲ್ಲಿ.